ಗ್ರಂಥ ಬರೆಯದ ಚಿಂತಕ: ಕಲ್ಲಹಳ್ಳಿಯ ದೇವರಾಜ ಅರಸು

ಹುಣಸೂರು, ಪಿರಿಯಾಪಟ್ಟಣ, ಕೆ.ಆರ್.ನಗರ, ಎಚ್.ಡಿ.ಕೋಟೆ ಸೀಮೆಯಲ್ಲಿ ಯಾವ ಹಿರಿಯರನ್ನಾದರೂ ಮಾತಿಗೆ ಎಳೆದು ನೋಡಿ, ದೇವರಾಜ ಅರಸರ ಮೈಕಟ್ಟಿನ ಬಗ್ಗೆ ಹೇಳುತ್ತಾರೆ. ಗರಡಿಯಲ್ಲಿ ಪಳಗಿದ ಭುಜ, ಬಾಯಲ್ಲಿ ಪೈಪು, ಆ ಗತ್ತು. ಆಮೇಲೆ, ‘ಉಳೋನಿಗೆ ಭೂಮಿ ಕೊಟ್ಟ ಪುಣ್ಯಾತ್ಮ’ ಅನ್ನುತ್ತಾರೆ. ಅಲ್ಲಿಗೆ ಮಾತು ಮುಗಿಯುತ್ತದೆ. ಆ ಮನುಷ್ಯ ಏನು ಯೋಚಿಸಿದ್ದ, ಯಾಕೆ ಹಾಗೆ ಯೋಚಿಸಿದ್ದ ಎಂಬ ಪ್ರಶ್ನೆಗೆ ಯಾರೂ ಕೈಹಾಕುವುದಿಲ್ಲ. ಇವತ್ತು ನನಗೆ ಸಿಕ್ಕಿರುವ ಈ ಹೊತ್ತನ್ನು ಆ ಪ್ರಶ್ನೆಗೇ ಕೊಡುತ್ತೇನೆ.

ನನ್ನ ಪ್ರಕಾರ ಅರಸು ಕರ್ನಾಟಕ ಕಂಡ ದೊಡ್ಡ ರಾಜಕೀಯ ಚಿಂತಕರಲ್ಲಿ ಒಬ್ಬರು. ಸಿದ್ಧಾಂತದ ಗ್ರಂಥ ಬರೆದವರಲ್ಲ. ಅವರ ವಿಚಾರ ತಿಳಿಯಬೇಕಾದರೆ ಅವರು ಹಂಚಿದ ಚುನಾವಣಾ ಟಿಕೆಟ್ಟುಗಳ ಪಟ್ಟಿ ನೋಡಬೇಕು, ಹಿಂದುಳಿದ ವರ್ಗಗಳ ಕುರಿತ ಹಾವನೂರು ವರದಿ ನೋಡಬೇಕು, ತಾಲ್ಲೂಕು ಕಚೇರಿಗಳಲ್ಲಿ ಧೂಳು ತಿನ್ನುತ್ತಿರುವ, ಗೇಣಿದಾರರು ಭೂಮಿಗಾಗಿ ಹಾಕಿದ ಏಳನೇ ನಂಬರ್ ಅರ್ಜಿಗಳನ್ನು ನೋಡಬೇಕು.

1915ರಲ್ಲಿ ಹುಟ್ಟಿದರು. ಹುಣಸೂರಿನ ಪಕ್ಕದ ಕಲ್ಲಹಳ್ಳಿಯ ಮನೆತನ, ಮೈಸೂರು ಅರಮನೆಗೆ ಹತ್ತಿರದ ಅರಸು ಜನಾಂಗ. ಮೈಸೂರಿನ ಅರಸು ಬೋರ್ಡಿಂಗ್ ಶಾಲೆ, ಬೆಂಗಳೂರಿನ ಸೆಂಟ್ರಲ್ ಕಾಲೇಜು. ಪದವಿ ಪಡೆದವರು ಆ ಕಾಲಕ್ಕೆ ಸಲೀಸಾಗಿ ಸರ್ಕಾರಿ ಕುರ್ಚಿ ಹಿಡಿಯಬಹುದಿತ್ತು. ಇವರು ಊರಿಗೆ ಬಂದು ಬೇಸಾಯಕ್ಕೆ ನಿಂತರು. 1941ರಲ್ಲಿ ಮೈಸೂರು ಪ್ರಜಾಪ್ರತಿನಿಧಿ ಸಭೆಗೆ ಹೋದರು, 1952ರ ಮೊದಲ ಮಹಾಚುನಾವಣೆಯಲ್ಲಿ ಹುಣಸೂರಿನಿಂದ ಶಾಸಕರಾದರು. ಮುಂದಿನ ಇಪ್ಪತ್ತು ವರ್ಷದ ಪಕ್ಷದ ಒಳಜಗಳ, ಮಂತ್ರಿಗಿರಿ ಎಲ್ಲವನ್ನೂ ನಾನು ಹಾರಿಸಿಬಿಡುತ್ತೇನೆ. ಒಂದು ಮಾತ್ರ ನೆನಪಿಡಿ: 1969ರಲ್ಲಿ ಕಾಂಗ್ರೆಸ್ ಒಡೆದಾಗ ರಾಜ್ಯದ ಘಟಾನುಘಟಿಗಳೆಲ್ಲ ನಿಜಲಿಂಗಪ್ಪನವರ ಕಡೆ ನಿಂತರು, ಅರಸು ಇಂದಿರಾ ಗಾಂಧಿಯವರ ಕಡೆ ಹೋದರು. ಕೈಯಲ್ಲಿ ಪಕ್ಷದ ಹೆಸರಿತ್ತು, ಪಕ್ಷ ಕಟ್ಟಲು ಜನ ಇರಲಿಲ್ಲ.

ಅರಸರ ಯೋಚನೆಯ ಬೇರು ನನಗೆ ಕಾಣುವುದು ಇಲ್ಲೇ. ಅವರ ಜಾತಿಗೆ ಸಂಖ್ಯೆಯ ಬಲ ಇಲ್ಲ. ರಾಜ್ಯದ ರಾಜಕೀಯ ಲಿಂಗಾಯತರು, ಒಕ್ಕಲಿಗರು ಎಂಬ ಎರಡು ದೊಡ್ಡ ಸಮುದಾಯಗಳ ಮುಖಂಡರ ಕೈಯಲ್ಲಿತ್ತು. ಅಂಥ ಕಡೆ ನಿಂತ ಒಬ್ಬ ಮನುಷ್ಯ ಬೇರೆಯವರು ಎಣಿಸದೆ ಬಿಟ್ಟವರನ್ನು ಎಣಿಸತೊಡಗಿದ. ಒಂದು ಊರಲ್ಲಿ ಎರಡು ಮನೆ ಕ್ಷೌರಿಕರು, ನಾಲ್ಕು ಮನೆ ಅಗಸರು, ಹತ್ತು ಮನೆ ಕುಂಬಾರರು, ಕೆರೆಯಾಚೆ ಬೆಸ್ತರು, ಊರಾಚೆ ಹೊಲೆಯರು, ಮಾದಿಗರು. ಯಾವ ಊರಲ್ಲೂ ಒಬ್ಬೊಬ್ಬರಾಗಿ ಇವರ ಮಾತು ನಡೆಯುವುದಿಲ್ಲ. ಇಡೀ ರಾಜ್ಯದ ಲೆಕ್ಕ ಹಾಕಿದರೆ ಇವರೇ ಬಹುಮತ. ಇದು ಬರೀ ಓಟಿನ ಗಣಿತ ಅಂತ ಟೀಕೆ ಮಾಡಿದವರಿದ್ದಾರೆ. ಪ್ರಜಾಪ್ರಭುತ್ವದಲ್ಲಿ ಲೆಕ್ಕಕ್ಕೆ ಬಾರದವನನ್ನು ಲೆಕ್ಕಕ್ಕೆ ತರುವುದಕ್ಕಿಂತ ಮೂಲಭೂತವಾದ ಚಿಂತನೆ ಇನ್ನೇನಿದೆ, ನೀವೇ ಹೇಳಿ.

1972ರ ವಿಧಾನಸಭಾ ಚುನಾವಣೆ ನನಗೆ ಅತ್ಯಂತ ಇಷ್ಟದ ಅಧ್ಯಾಯ. ಟಿಕೆಟ್ ಹಂಚುವ ಅಧಿಕಾರ ಅರಸರ ಕೈಯಲ್ಲಿದೆ, ತಮಗೊಂದು ಟಿಕೆಟ್ ಇಟ್ಟುಕೊಳ್ಳಲಿಲ್ಲ. ಹೆಸರೇ ಕೇಳದ ಜಾತಿಗಳ ಹುಡುಗರನ್ನು, ಸಣ್ಣ ವಕೀಲರನ್ನು ಹುಡುಕಿ ನಿಲ್ಲಿಸಿದರು. ಕಾರ್ಕಳದಲ್ಲಿ ದೇವಾಡಿಗ ಸಮುದಾಯದ ವೀರಪ್ಪ ಮೊಯಿಲಿ, ಗುರುಮಠಕಲ್‌ನಲ್ಲಿ ಮಲ್ಲಿಕಾರ್ಜುನ ಖರ್ಗೆ ಮೊದಲ ಸಲ ಗೆದ್ದದ್ದು ಆ ಚುನಾವಣೆಯಲ್ಲೇ. 216 ಸ್ಥಾನಗಳಲ್ಲಿ 165 ಬಂದವು. ಮಾರ್ಚ್ 20ರಂದು ಅರಸು ಮುಖ್ಯಮಂತ್ರಿಯಾದರು, ಆಮೇಲೆ ಉಪಚುನಾವಣೆಯಲ್ಲಿ ಗೆದ್ದು ಸದನಕ್ಕೆ ಬಂದರು. ತಾನು ನಿಲ್ಲದೆ ಇತರರನ್ನು ನಿಲ್ಲಿಸಿದ ಆ ಒಂದು ತೀರ್ಮಾನದಲ್ಲಿ ಅವರ ಅರ್ಧ ರಾಜಕೀಯ ತತ್ತ್ವ ಇದೆ.

ಇನ್ನರ್ಧ ಭೂಸುಧಾರಣೆಯಲ್ಲಿದೆ. ಇದನ್ನು ಅರಸು ಶೂನ್ಯದಿಂದ ಹುಟ್ಟಿಸಲಿಲ್ಲ. 1951ರಲ್ಲಿ ಸಾಗರದ ಕಾಗೋಡಿನಲ್ಲಿ ದೀವರ ಗೇಣಿದಾರರು ಎದ್ದು ನಿಂತಿದ್ದರು, ಗಣಪತಿಯಪ್ಪ, ಶಾಂತವೇರಿ ಗೋಪಾಲಗೌಡರು ಇದ್ದರು, ಸಮಾಜವಾದಿ ನಾಯಕ ರಾಮಮನೋಹರ ಲೋಹಿಯಾ ಬಂದು ಬಂಧನಕ್ಕೊಳಗಾದರು. 1961ರಲ್ಲಿ ಒಂದು ಕಾಯ್ದೆಯೂ ಬಂತು. ಅದರಲ್ಲಿ ಒಡೆಯರು ನುಸುಳಲು ದಾರಿಗಳು ಬೇಕಾದಷ್ಟಿದ್ದವು. ಅರಸರ ತಿದ್ದುಪಡಿ 1974ರ ಮಾರ್ಚ್ 1ರಿಂದ ಜಾರಿಗೆ ಬಂತು. ಗೇಣಿ ಪದ್ಧತಿಯೇ ರದ್ದು. ಗೇಣಿ ಜಮೀನು ಸರ್ಕಾರದ ವಶಕ್ಕೆ, ಅಲ್ಲಿಂದ ಉಳುವವನ ಹೆಸರಿಗೆ.

ಕಾನೂನು ಯಾರು ಬೇಕಾದರೂ ಬರೆಯಬಹುದು. ನನ್ನನ್ನು ಮರುಳು ಮಾಡಿದ್ದು ಅದನ್ನು ನಡೆಸಿದ ರೀತಿ. ತಾಲ್ಲೂಕಿಗೊಂದು ಭೂನ್ಯಾಯಮಂಡಳಿ. ಅಸಿಸ್ಟೆಂಟ್ ಕಮಿಷನರ್ ಅಧ್ಯಕ್ಷರು, ಜೊತೆಗೆ ಸರ್ಕಾರಿ ನೌಕರರಲ್ಲದ ನಾಲ್ವರು ಸದಸ್ಯರು, ಅವರಲ್ಲಿ ಪರಿಶಿಷ್ಟರೊಬ್ಬರು ಇರಲೇಬೇಕಿತ್ತು. ಮಂಡಳಿಯ ಮುಂದೆ ವಕೀಲರಿಗೆ ಪ್ರವೇಶವಿರಲಿಲ್ಲ! ಇದರ ಅರ್ಥ ಯೋಚಿಸಿ. ಗೇಣಿದಾರನ ಕೈಯಲ್ಲಿ ಕಾಗದ ಇರುವುದಿಲ್ಲ, ಬಾಯಿಮಾತಿನ ಗೇಣಿ. ಒಡೆಯನ ಹತ್ತಿರ ಪೆಟ್ಟಿಗೆ ತುಂಬ ಕಾಗದ, ಪೇಟೆಯಲ್ಲಿ ವಕೀಲ. ಆ ವಕೀಲನನ್ನೇ ಹೊರಗೆ ನಿಲ್ಲಿಸಿ, ‘ಹೇಳಪ್ಪ, ಈ ಹೊಲ ಉತ್ತವರು ಯಾರು?’ ಎಂದು ಅಕ್ಕಪಕ್ಕದ ಹೊಲದವನನ್ನು ಕೇಳುವ ವ್ಯವಸ್ಥೆ ಅದು. ಊರ ಜನಕ್ಕೆ ಗೊತ್ತಿರುವ ಸತ್ಯಕ್ಕೆ ಕಾಗದದ ಸತ್ಯದಷ್ಟೇ ತೂಕ ಕೊಟ್ಟರು. ಭೂಸುಧಾರಣೆಯ ರಾಜ್ಯ ಸಚಿವರಾಗಿದ್ದ ಬಿ. ಸುಬ್ಬಯ್ಯ ಶೆಟ್ಟಿ ಇದರ ಬೆನ್ನು ಬಿಡದೆ ಓಡಾಡಿದರು. ಅರ್ಜಿಗಳು ಲಕ್ಷಗಟ್ಟಲೆ ಬಂದವು.

ಅದೇ ಕಾಲಕ್ಕೆ ಸಮುದ್ರದಾಚೆ ಪೂರ್ವ ಆಫ್ರಿಕದ ಟಾಂಜಾನಿಯದಲ್ಲಿ ಇನ್ನೊಬ್ಬರು ಭೂಮಿ ಯಾರದಾಗಬೇಕು ಎಂಬ ಇದೇ ಪ್ರಶ್ನೆಗೆ ತಲೆಕೊಟ್ಟಿದ್ದರು, ಜೂಲಿಯಸ್ ನ್ಯೆರೆರೆ. ಇಬ್ಬರನ್ನೂ ಜೊತೆಗಿಟ್ಟು ನೋಡುವುದು ನನ್ನ ಹಳೆಯ ಹುಚ್ಚು. ಅವರೂ ಆಳುವವರ ಮನೆಯ ಮಗ, ತಂದೆ ಝನಾಕಿ ಎಂಬ ಸಣ್ಣ ಬುಡಕಟ್ಟಿನ ಮುಖ್ಯಸ್ಥರು. ಎಡಿನ್‌ಬರೋದಲ್ಲಿ ಓದಿ ಬಂದು ಮೇಷ್ಟರಾದರು. 1961ರಲ್ಲಿ ದೇಶಕ್ಕೆ ಸ್ವಾತಂತ್ರ್ಯ ತಂದರು, 1967ರಲ್ಲಿ ಅರುಷಾ ಘೋಷಣೆಯ ಮೂಲಕ ಸಮಾಜವಾದದ ದಾರಿ ಹಿಡಿದರು. ಇಡೀ ದೇಶ ಒಂದು ಕೂಡುಕುಟುಂಬದಂತೆ ದುಡಿದು ಉಣ್ಣಬೇಕೆಂಬುದು ಅವರ ‘ಉಜಮಾ’ ತತ್ತ್ವ. ಅವರು ಅಕ್ಷರ ಕಲಿಸಿದ್ದು ದೊಡ್ಡ ಕೆಲಸ. ಭೂಮಿಯ ವಿಷಯದಲ್ಲಿ ಮಾತ್ರ ಎಡವಿದರು. ಎಪ್ಪತ್ತರ ದಶಕದ ನಡುವೆ ಲಕ್ಷಾಂತರ ರೈತರನ್ನು ಚದುರಿದ ಮನೆಗಳಿಂದ ಎಬ್ಬಿಸಿ ಹೊಸ ಹಳ್ಳಿಗಳಿಗೆ ಸಾಗಿಸಿದರು, ಎಷ್ಟೋ ಕಡೆ ಬಲವಂತದಿಂದ. ಬೆಳೆ ಕುಸಿಯಿತು.

ನ್ಯೆರೆರೆ ಭೂಮಿಯನ್ನು ಎಲ್ಲರದೂ ಮಾಡಲು ಹೊರಟರು, ಅರಸು ಪಹಣಿಯಲ್ಲಿ ಒಬ್ಬೊಬ್ಬನ ಹೆಸರು ಬರೆಸಿದರು. ಹಾರೆ ಹಿಡಿದವನಿಗೆ ತನ್ನ ಹೆಸರಿನ ಪಹಣಿಯಷ್ಟು ಧೈರ್ಯ ಕೊಡುವ ವಸ್ತು ಬೇರೆ ಇಲ್ಲ ಎಂಬುದು ಬೇಸಾಯ ಮಾಡಿದ ಅರಸರಿಗೆ ಗೊತ್ತಿತ್ತು. ಬೇಕಿದ್ದರೆ ಜಗಳಕ್ಕೆ ಬನ್ನಿ, ನಾನು ಈ ಮಾತಿನಿಂದ ಹಿಂದೆ ಸರಿಯುವುದಿಲ್ಲ.

ಹಿಂದುಳಿದ ವರ್ಗಗಳ ಮೀಸಲಾತಿಗೆಂದು ಕೂತ ಹಾವನೂರು ಆಯೋಗದ ವಿಷಯಕ್ಕೆ ಬರೋಣ. ಮೈಸೂರು ಸೀಮೆಗೆ ಇಂಥ ವಿಚಾರಣೆ ಹೊಸದಲ್ಲ. 1918ರಲ್ಲೇ ಮಹಾರಾಜ ನಾಲ್ವಡಿ ಕೃಷ್ಣರಾಜ ಒಡೆಯರು ಮಿಲ್ಲರ್ ಸಮಿತಿ ನೇಮಿಸಿದ್ದರು, ಆಮೇಲೆ ನಾಗನಗೌಡ ಸಮಿತಿ ಬಂತು. 1972ರಲ್ಲಿ ಅರಸು ಎಲ್.ಜಿ. ಹಾವನೂರರನ್ನು ಕೂರಿಸಿದರು. ಹಾವನೂರರ ತಂಡ ಹಳ್ಳಿ ಹಳ್ಳಿ ಸುತ್ತಿತು. ಎಸ್ಸೆಸ್ಸೆಲ್ಸಿ ಪಾಸಾದ ಮಕ್ಕಳು ಯಾವ ಜಾತಿಯಲ್ಲಿ ಸಾವಿರಕ್ಕೆ ಎಷ್ಟು ಎಂದು ಲೆಕ್ಕ ಹಾಕಿತು. 1975ರಲ್ಲಿ ವರದಿ ಕೊಟ್ಟಾಗ ಗದ್ದಲವೋ ಗದ್ದಲ. 1977ರ ಫೆಬ್ರವರಿಯಲ್ಲಿ ಮೀಸಲಾತಿಯ ಆದೇಶ ಹೊರಟಿತು. ಮಂಡಲ್ ವರದಿಯನ್ನು ಕೇಂದ್ರ ಒಪ್ಪಿದ್ದು 1990ರಲ್ಲಿ ಎಂಬುದನ್ನು ಇದರ ಪಕ್ಕದಲ್ಲಿಟ್ಟು ನೋಡಿ.

ಇದರ ನಡುವೆ 1973ರ ನವೆಂಬರ್ 1ರಂದು ಮೈಸೂರು ರಾಜ್ಯ ಕರ್ನಾಟಕವಾಯಿತು, ನಿರುದ್ಯೋಗಿ ಪದವೀಧರರಿಗೆ ಸ್ಟೈಪೆಂಡ್ ಬಂತು, ಮಂತ್ರಿ ಬಿ. ಬಸವಲಿಂಗಪ್ಪ ಮಲ ಹೊರುವ ಪದ್ಧತಿಗೆ ನಿಷೇಧ ತಂದರು.

ನೋವಿನ ಸಂಗತಿಗಳನ್ನೂ ಹೇಳಬೇಕು. ತುರ್ತು ಪರಿಸ್ಥಿತಿಯಲ್ಲಿ ಅರಸರ ಸರ್ಕಾರ ವಿರೋಧಿಗಳನ್ನು ಜೈಲಿಗೆ ಹಾಕಿತು. ಲೋಹಿಯಾರ ಅದೇ ಸಮಾಜವಾದಿ ಬಳಗದ ಸ್ನೇಹಲತಾ ರೆಡ್ಡಿ ಬೆಂಗಳೂರು ಜೈಲಿನಲ್ಲಿ ಅಸ್ತಮಾದಿಂದ ನರಳಿ, ಹೊರಬಂದ ಕೆಲವೇ ದಿನಕ್ಕೆ, 1977ರ ಜನವರಿಯಲ್ಲಿ ತೀರಿಕೊಂಡರು. ಕಾಗೋಡಿನ ಕನಸನ್ನು ಕಾನೂನಾಗಿಸಿದ ಕೈಯೇ ಆ ಕನಸಿನ ಸಂಗಾತಿಗಳನ್ನು ಬಂಧಿಸಿತು. ಅರಸರನ್ನು ಪ್ರೀತಿಸುವ ನನ್ನಂಥವರು ಇದನ್ನು ನುಂಗಿಕೊಂಡು ಮಾತಾಡಬಾರದು.

ಇನ್ನೊಂದು ನೋವು ನಮ್ಮದೇ ನಾಲ್ಕು ತಾಲ್ಲೂಕುಗಳದ್ದು. ಭೂಸುಧಾರಣೆ ದೊಡ್ಡದಾಗಿ ಫಲ ಕೊಟ್ಟದ್ದು ದಕ್ಷಿಣ ಕನ್ನಡ, ಉತ್ತರ ಕನ್ನಡ, ಶಿವಮೊಗ್ಗದ ಕಡೆ. ಅಲ್ಲಿ ಗೇಣಿ ಹೆಚ್ಚು. ಹುಣಸೂರಿನ ಶಾಸಕನ ಕಾನೂನು ಹುಣಸೂರಿಗಿಂತ ಉಡುಪಿಯನ್ನು ಹೆಚ್ಚು ಬದಲಿಸಿತು. ಇಲ್ಲಿನ ಬಡವನಿಗೆ ಗೇಣಿಗಿಂತ ಸಾಲ, ಜೀತ ದೊಡ್ಡ ಕಾಟ. ಆದ್ದರಿಂದ 1976ರ ಋಣಪರಿಹಾರ ಕಾಯ್ದೆ, ಜೀತ ವಿಮುಕ್ತಿ ಕಾಯ್ದೆಗಳು ಎಚ್.ಡಿ.ಕೋಟೆಯಂಥ ಕಡೆ ಹೆಚ್ಚು ಮುಖ್ಯ. ಸಾಲ ಮನ್ನಾ ಆದವನಿಗೆ ಅಡವಿಟ್ಟ ಒಡವೆ, ಪಾತ್ರೆ ವಾಪಸ್ ಕೊಡಬೇಕೆಂದು ಕಾನೂನೇ ಹೇಳಿತು.

ಆದರೆ ಕಾಡಿನಂಚಿನ ಹಾಡಿಗಳ ಜೇನುಕುರುಬರು, ಬೆಟ್ಟಕುರುಬರು? ಅವರು ಯಾರಿಗೂ ಗೇಣಿ ಕೊಟ್ಟವರಲ್ಲ, ಗೇಣಿದಾರ ಎಂದು ಅರ್ಜಿ ಹಾಕುವಂತಿರಲಿಲ್ಲ. 1974ರಲ್ಲಿ ಕಬಿನಿ ಅಣೆಕಟ್ಟು ಮುಗಿದು ಕಾಕನಕೋಟೆಯ ಕಾಡು, ಹಳ್ಳಿಗಳು ಮುಳುಗಿದವು. ವನ್ಯಜೀವಿ ಕಾಯ್ದೆ ಬಂದು ನಾಗರಹೊಳೆಯಿಂದ ಜನ ಹೊರಬಿದ್ದರು. ಇದೆಲ್ಲ ಅರಸರ ಕಾಲದಲ್ಲೇ ಶುರುವಾದದ್ದು, ಅವರ ಮನೆಯಿಂದ ಅಷ್ಟೇನೂ ದೂರವಲ್ಲದ ಕಡೆ. ಉತ್ತವನ ಹೆಸರು ಬರೆಯುವ ಕಾನೂನು ಕಂಡವರು, ಉಳದೆ ಗೆಡ್ಡೆ ಅಗೆದು ಜೇನು ಇಳಿಸಿ ಬದುಕುವವನ ಹಕ್ಕನ್ನು ಕಾಣಲಿಲ್ಲ. ಅವರ ಚಿಂತನೆಯ ಗಡಿ ಅದು.

ಆಮೇಲಿನದು ಬೇಗ ಮುಗಿಯುವ ಕಥೆ. 1978ರಲ್ಲಿ ಮತ್ತೆ ಗೆದ್ದರು. ಅದೇ ವರ್ಷದ ನವೆಂಬರಿನಲ್ಲಿ ಇಂದಿರಾ ಗಾಂಧಿಯವರನ್ನು ಚಿಕ್ಕಮಗಳೂರಿನಿಂದ ಗೆಲ್ಲಿಸಿಕೊಟ್ಟರು. ಮರುವರ್ಷ ಇಂದಿರಾ ಅವರ ಪಕ್ಷದಿಂದಲೇ ಉಚ್ಚಾಟಿತರಾದರು. 1980ರ ಲೋಕಸಭಾ ಚುನಾವಣೆಯಲ್ಲಿ ರಾಜ್ಯದ 28ರಲ್ಲಿ 27 ಸ್ಥಾನ ಇಂದಿರಾ ಕಡೆ ಹೋದವು. ಪಹಣಿ ಪಡೆದವರು, ಟಿಕೆಟ್ ಪಡೆದವರು, ಬಹುಪಾಲು ಎಲ್ಲರೂ ಬಿಟ್ಟು ನಡೆದರು. 1982ರ ಜೂನ್ 6ರಂದು ಅರಸು ಹೋದರು.

ಅವರ ಕಾನೂನು ಕೂಡ ಹಾಗೇ ಉಳಿದಿಲ್ಲ. 2020ರ ತಿದ್ದುಪಡಿಯಲ್ಲಿ 79-ಎ, 79-ಬಿ ಸೆಕ್ಷನ್ನುಗಳು ಹೋದವು. ಬೇಸಾಯವೇ ಗೊತ್ತಿಲ್ಲದವರೂ ದುಡ್ಡಿದ್ದರೆ ಕೃಷಿ ಜಮೀನು ಕೊಳ್ಳಬಹುದು. ಇದು ನನಗೆ ಸಿಟ್ಟು ತರಿಸುತ್ತದೆ, ಮುಚ್ಚಿಡುವುದಿಲ್ಲ. ಹಾಡಿಗಳ ಕಡೆ ಮಾತ್ರ 2006ರ ಅರಣ್ಯ ಹಕ್ಕು ಕಾಯ್ದೆ ಒಂದು ಬಾಗಿಲು ತೆರೆಯಿತು. ಅಲ್ಲೂ ಊರ ಹಿರಿಯರ ಸಾಕ್ಷಿ ನಡೆಯುತ್ತದೆ, ಗ್ರಾಮಸಭೆಯೇ ಮೊದಲು ವಿಚಾರಿಸಬೇಕು, ಅರಸರ ನ್ಯಾಯಮಂಡಳಿಯ ಮೂಲ ವಿಚಾರವೇ ಅದು. ಬಂದ ಅರ್ಜಿಗಳಲ್ಲಿ ಎಷ್ಟೋ ತಿರಸ್ಕೃತವಾಗಿವೆ. ಹುಣಸೂರು, ಎಚ್.ಡಿ.ಕೋಟೆಯ ಹಾಡಿಗಳ ಜನ ಅವನ್ನು ಮತ್ತೆ ಪರಿಶೀಲಿಸಿ ಎಂದು ಕೇಳುತ್ತಲೇ ಇದ್ದಾರೆ.