ಕುಲಾವಿ, ಕಾನಟೋಪಿ, ಕೊಪ್ಪೆ



ಡಿಸೆಂಬರಿನ ಮುಂಜಾವಿನಲ್ಲಿ ಪರ್ವತಿಯ ಮೆಟ್ಟಿಲೇರುವ ಹಿರಿಯರ ಉಣ್ಣೆಯ ಕಾನಟೋಪಿಗಳನ್ನು ತಾವೆಲ್ಲ ಕಂಡವರೇ. ಇಂದು ನಾನೂ ಅಂಥದೊಂದನ್ನು ಧರಿಸಿ ಬಂದಿದ್ದೇನೆ. ಇದರ ಆಂಗ್ಲ ಹೆಸರು ಬಾಲಾಕ್ಲಾವಾ. ೧೮೫೪ರಲ್ಲಿ ಕ್ರಿಮಿಯಾ ಯುದ್ಧದ ಕದನವೊಂದು ನಡೆದ ಊರಿನ ಹೆಸರದು. ನಮ್ಮ ಕೂಸುಗಳ ಕುಲಾವಿಯಾದರೋ ಫಾರಸಿಯ 'ಕುಲಾಹ್' ಶಬ್ದದಿಂದ ಬಂದದ್ದು.

ಹಾಗಾದರೆ ದಖ್ಖನಿನ ಬಡವ ಚಳಿಗೆ ತಲೆಯ ಮೇಲೆ ಏನು ಹೊದೆಯುತ್ತಿದ್ದ? ಕಂಬಳಿಯನ್ನೇ. ಮೂಲೆಯನ್ನು ಒಳಮಡಿಸಿ ತಲೆಗೇರಿಸಿದರೆ ಕೊಪ್ಪೆ, ಬಿಚ್ಚಿದರೆ ಹಾಸಿಗೆ. ಸೂಜಿ ದಾರಗಳ ಹಂಗಿಲ್ಲ. ಮರಾಠಿಗರಿಗೆ ಇದು ಘೋಂಗಡಿಯ ಖೋಳ. ದಖನಿ ಕುರಿಯ ಒರಟು ಉಣ್ಣೆ, ನೂಲಿಗೆ ಹುಣಸೆಬೀಜದ ಗಂಜಿ: ಚಳ್ಳಕೆರೆಯ ಕುರುಬರ ಮಗ್ಗಕ್ಕೂ ಇತ್ತಣ ಧನಗರರ ಮಗ್ಗಕ್ಕೂ ಪಾಕ ಒಂದೇ. ಅವರ ಬೀರಪ್ಪನೇ ಇವರ ಬಿರೋಬಾ. ೧೯೯೨ರಲ್ಲಿ ತೀರಿಕೊಂಡ ಜರ್ಮನ್ ವಿದ್ವಾಂಸ ಗುಂಟರ್ ಸೊಂಥೈಮರ್ ಪುಣೆಯಲ್ಲಿದ್ದುಕೊಂಡೇ ಈ ನಂಟನ್ನು ಅರಸಿದರು. ಪರದೇಶಿಗೆ ಕಂಡದ್ದು ನನಗೆ ಕಂಡಿರಲಿಲ್ಲ.

ನೌಕರಿಯ ಮೊದಲ ವರ್ಷ ತಂದೆಯವರು ಹಿರಿಯೂರಿನಿಂದ ಕೊಪ್ಪೆ ಹಾಕಿಕೊಂಡೇ ನನ್ನ ಸರ್ಕಾರಿ ವಸತಿಗೃಹಕ್ಕೆ ಬಂದರು. ಸಹೋದ್ಯೋಗಿಗಳು ನೋಡಿಯಾರೆಂಬ ನಾಚಿಕೆಯಿಂದ ನಾನು ಪೇಟೆಗೆ ಓಡಿ ಕಾನಟೋಪಿ ತಂದು ತೊಡಿಸಿದೆ. "ಇದ್ರಾಗೆ ಕಿವಿ ಕೇಳಾಕಿಲ್ಲ ಕಣಪ್ಪಾ" ಎಂದರು. ಸಂಜೆ ಅವರು ಮನೆಯಲ್ಲಿರಲಿಲ್ಲ. ಹುಡುಕಿದೆ. ಹಿಂದಿನ ಬಯಲಿನಲ್ಲಿ ಕುರಿಮಂದೆ ತಂಗಿತ್ತು. ಧನಗರನೊಬ್ಬನ ಬೆಂಕಿಯ ಬಳಿ ತಂದೆ ಕುಳಿತಿದ್ದರು. ಇಬ್ಬರ ತಲೆಯ ಮೇಲೂ ಕೊಪ್ಪೆ. ಒಬ್ಬರ ಭಾಷೆ ಒಬ್ಬರಿಗೆ ಬಾರದು, ಆದರೂ ಮಾತು ನಡೆದಿತ್ತು. ನನ್ನ ಟೋಪಿ ಅವರ ಜೇಬಿನಲ್ಲಿತ್ತು.

ಈಗ ನನ್ನ ತಲೆಯ ಮೇಲಿರುವುದು ಅದೇ.