ಅಂಗಳಕ್ಕೊಂದು ಜೋಲು ಮರ



ಕೆಂಗೇರಿಯಿಂದ ಆಚೆ, ರಾಮೋಹಳ್ಳಿಯ ಹತ್ತಿರದ ಕೇತೋಹಳ್ಳಿಯ ದೊಡ್ಡ ಆಲದ ಮರವನ್ನು ನಿಮ್ಮಲ್ಲಿ ಬಹಳ ಮಂದಿ ನೋಡಿದ್ದೀರಿ. ತಾಯಿಬೊಡ್ಡೆ ರೋಗ ತಗುಲಿ ಹೋಗಿ ಎಷ್ಟೋ ವರ್ಷವಾಯಿತು. ಆದರೂ ಇಳಿಬಿದ್ದ ಬಿಳಲುಗಳೇ ನೆಲ ಕಚ್ಚಿ, ಬೊಡ್ಡೆಗಳಾಗಿ, ಸುಮಾರು 3 ಎಕರೆ ಹಬ್ಬಿ ನಿಂತಿವೆ. ಇಳಿಬೀಳುವ ಮರದ ಚೆಲುವೇ ಬೇರೆ. ಆದರೆ ಆ ಚೆಲುವನ್ನು 30-40ರ ನಿವೇಶನಕ್ಕೆ ತಂದರೆ ಏನಾದೀತು?

ಏನಾಗುತ್ತದೆಂದು ನಮ್ಮ ಮನೆಯಲ್ಲೇ ಕಂಡೆವು. ಬಟ್ಟೆ ಒಗೆಯುವ ಕಲ್ಲಿಗೆ ನೆರಳಾಗಲೆಂದು, ನೀರಿನ ತೊಟ್ಟಿಯಿಂದ ನಾಲ್ಕೇ ಅಡಿ ದೂರದಲ್ಲಿ, ಫೈಕಸ್ ಎಂದು ಮಾರುವ ಜೋಲೆಲೆಯ ಗಿಡ ನೆಟ್ಟೆವು. ಕುಂಡದಲ್ಲಿ ಅದು ಬಲು ಸಾಧು. ನೆಲಕ್ಕಿಳಿದರೆ ಆಲದ ದಾಯಾದಿಯೇ ಸರಿ! ಆರೇ ವರ್ಷಕ್ಕೆ ಬೇರು ತೊಟ್ಟಿಯ ಗೋಡೆ ಸೀಳಿತು, ನೀರು ಸೋರಿತು. ಗಿಡಕ್ಕೆ ಕೊಟ್ಟದ್ದು ಅಲ್ಪ, ತೊಟ್ಟಿ ರಿಪೇರಿಗೆ ತೆತ್ತದ್ದು ಬಹಳ. ತಪ್ಪು ಗಿಡದ್ದಲ್ಲ, ಜಾಗ ನೋಡದ ನಮ್ಮದು.

ಹಾಗಾದರೆ ಯಾವುದನ್ನು ಹಾಕೋಣ ಅಂತೀರಾ? ಜಾಗ ಕಿರಿದಾಗಿದ್ದರೆ ಕಂಬದ ಅಶೋಕ ಒಳ್ಳೆಯದು. ಕೊಂಬೆಗಳು ಮೈಗೆ ಅಂಟಿದಂತೆ ಕೆಳಗಿಳಿಯುವುದರಿಂದ ಅಗಲ ಬೇಡುವುದಿಲ್ಲ. ಗೋಡೆಯಿಂದ 5 ಅಡಿ ಬಿಟ್ಟು ನೆಡಿ. ಮೇಲೆ ವಿದ್ಯುತ್ ತಂತಿ ಇದ್ದರೆ ಮಾತ್ರ ಬೇಡ. ತಂತಿಗಾಗಿ ತುದಿ ಕತ್ತರಿಸಿದರೆ ಅದರ ಅಂದವೇ ಹೋಯಿತು. ಇನ್ನೊಂದು ಮಾತು: ಔಷಧಿಗೆ ಬಳಸುವ ಅಶೋಕ ಇದಲ್ಲ. ಅದು ಕೆಂಪು-ಕಿತ್ತಳೆ ಹೂವಿನ ಸೀತಾ ಅಶೋಕ. ಅದರ ಎಳೆ ಚಿಗುರೂ ಗೊಂಚಲಾಗಿ ಜೋತುಬೀಳುತ್ತದೆ. ಹೆಸರು ಒಂದೆಂದು ಕಂಬದ ಅಶೋಕದ ತೊಗಟೆ ಕುದಿಸಿ ಕುಡಿದೀರಿ, ಜೋಕೆ!

ಹೂವೂ ಬೇಕು, ಜೇನೂ ಬರಬೇಕು ಎಂದರೆ ಬಾಟಲ್ ಬ್ರಷ್ ಹಾಕಿ. ಆಸ್ಟ್ರೇಲಿಯಾದಿಂದ ಬಂದದ್ದಾದರೂ ಬೆಂಗಳೂರಿನ ಹವೆಗೆ ಒಗ್ಗಿದೆ. ಸೀಸೆ ತೊಳೆಯುವ ಬ್ರಷ್ಷಿನಂಥ ಕೆಂಪು ಹೂ ಜೋಲುವಾಗ ಸೂರಕ್ಕಿಗಳು ಮುತ್ತುತ್ತವೆ. ಹೂ ಮುಗಿದ ಮೇಲೆ ತುದಿಗಳನ್ನು ಹಗುರವಾಗಿ ಸವರಿದರೆ ಸಾಕು.

ಹಿತ್ತಿಲು ದೊಡ್ಡದಿದ್ದು, ಕೊಟ್ಟಿಗೆಯೂ ಇದ್ದರೆ ನಮ್ಮ ಹೊಂಗೆಯನ್ನು ಮೀರಿದ್ದಿಲ್ಲ. ಕೊಂಬೆ ಬಾಗಿ ತಂಪು ನೆರಳು ಕೊಡುತ್ತದೆ, ಸೊಪ್ಪು ಹಸಿರು ಗೊಬ್ಬರವಾಗುತ್ತದೆ, ಬೀಜದಿಂದ ಎಣ್ಣೆ, ಹಿಂಡಿ ಉಂಟು. ಗೋಡೆಗೂ ಮರಕ್ಕೂ 15 ರಿಂದ 20 ಅಡಿ ಇರಲಿ.

ಚಿತ್ರಗಳಲ್ಲಿ ಕಾಣುವ ವಿಲೋ ಮರಕ್ಕೆ ಆಸೆಪಡಬೇಡಿ. ಅದು ತಂಪು ನಾಡಿನ, ತೇವದ ದಂಡೆಯ ಮರ. ಅದರ ಬೇರು ನೀರು ಹುಡುಕಿಕೊಂಡು ಚರಂಡಿಯ ಕೊಳವೆಗೂ ನುಗ್ಗೀತು. ನಮ್ಮ ಕೆಮ್ಮಣ್ಣಿನ ಒಣ ಅಂಗಳ ಅದಕ್ಕೆ ತಕ್ಕದ್ದಲ್ಲ.

ಇನ್ನು ನೆಡುವ ಕೆಲಸ. ಬೇಸಿಗೆಯಲ್ಲೇ 2 ಅಡಿ ಉದ್ದ, 2 ಅಡಿ ಅಗಲ, 2 ಅಡಿ ಆಳದ ಗುಣಿ ತೆಗೆದು ಹದಿನೈದು ದಿನ ಬಿಸಿಲಿಗೆ ಬಿಡಿ. ಮೇಲ್ಮಣ್ಣಿಗೆ ಚೆನ್ನಾಗಿ ಕಳಿತ ಕೊಟ್ಟಿಗೆ ಗೊಬ್ಬರ ಬೆರೆಸಿ ತುಂಬಿ, ಮುಂಗಾರು ಹಿಡಿದ ಮೇಲೆ ಸಸಿ ಇಡಿ. ಬುಡದ ಕತ್ತು ಮಣ್ಣಿನಲ್ಲಿ ಹೂಳಬಾರದು. ಬಿದಿರಿನ ಊರುಗೋಲು ಕೊಟ್ಟು ಸಡಿಲವಾಗಿ ಕಟ್ಟಿ. ಜೋಲುವ ಜಾತಿಗೆ ಇದು ಮುಖ್ಯ, ನಡುಕಾಂಡ ನೆಟ್ಟಗಾದ ಮೇಲೇ ಕೊಂಬೆ ಅಂದವಾಗಿ ಇಳಿಯುವುದು. ಮೇಕೆ ಬಾಯಿಗೆ ಸಿಗದಂತೆ ಮುಳ್ಳು ಕಟ್ಟಿ. ಮೊದಲೆರಡು ಬೇಸಿಗೆ ಪಾತಿ ತುಂಬ ನೀರು ಕೊಟ್ಟು, ಒಣಗಿದ ಎಲೆ ಹೊದಿಸಿ.

ಕಂಬದ ಅಶೋಕವನ್ನು ಮನೆಯಲ್ಲೇ ಎಬ್ಬಿಸಬಹುದು. ಮಳೆಗಾಲದಲ್ಲಿ ಕಪ್ಪಾಗಿ ಉದುರಿದ ಹಣ್ಣಿನ ತಿರುಳು ತೊಳೆದು, ಬೀಜವನ್ನು ಕೂಡಲೇ ಬಿತ್ತಿ. ಇಟ್ಟರೆ ಮೊಳೆಯುವ ಶಕ್ತಿ ಬೇಗ ಹೋಗುತ್ತದೆ.

ಕಡೆಯದಾಗಿ, ಕೆಂಗೇರಿ, ವಿಜಯನಗರದ ಕಡೆಯ ಎಷ್ಟೋ ಹಳ್ಳಿಗಳು ಈಗ ನಗರದೊಳಗೆ ಸೇರಿವೆ. ಅಲ್ಲಿ ಮರ ಕಡಿಯಬೇಕಾದರೆ, ನಮ್ಮ ಜಾಗದ್ದೇ ಆದರೂ, 1976ರ ಕರ್ನಾಟಕ ವೃಕ್ಷ ಸಂರಕ್ಷಣಾ ಕಾಯ್ದೆಯಂತೆ ಸಾಮಾನ್ಯವಾಗಿ ವೃಕ್ಷಾಧಿಕಾರಿಯ ಅಪ್ಪಣೆ ಬೇಕು. ಕಡಿಯುವ ಯೋಚನೆ ಬಾರದ ಹಾಗೆ ನೆಡುವುದೇ ಜಾಣತನ. ಸಸಿ ಕೊಳ್ಳುವ ಮುನ್ನ ಒಂದು ಹಗ್ಗ ಹಿಡಿದು ಅಂಗಳ ಅಳೆಯಿರಿ: ಗೋಡೆಗೆ ಎಷ್ಟು, ತೊಟ್ಟಿಗೆ ಎಷ್ಟು, ತಂತಿಗೆ ಎಷ್ಟು ಅಂತ. ಆಮೇಲೆ ನೆಟ್ಟ ಮರದ ನೆರಳಲ್ಲಿ ಮೊಮ್ಮಕ್ಕಳು ಆಡುತ್ತಾರೆ.