ಊಟ ಆಯ್ತಾ?

ಕೇಳುಗರೇ, ತುಮಕೂರಿನ ಬಟವಾಡಿಯಂಥ ಕಡೆ ಹೆದ್ದಾರಿಯ ಸದ್ದು ನಿಲ್ಲುವುದೇ ಇಲ್ಲ. ಅಂಥ ಗದ್ದಲದಲ್ಲೂ ಮಾತಿಗೆ ಹಸಿದವರಿದ್ದಾರೆ: ಎಟಿಎಂ ಕಾಯುವವರು, ಜವಳಿ ಅಂಗಡಿಯಲ್ಲಿ ಸೀರೆ ಬಿಡಿಸಿ ಮಡಚುವ ಹೆಣ್ಣುಮಕ್ಕಳು, ಪೆಟ್ರೋಲ್ ಬಂಕಿನ ಹುಡುಗರು. “ಝೀರೋ ನೋಡ್ಕೊಳಿ ಸಾರ್.” ಬಂಕಿನ ಹುಡುಗನದು ದಿನವಿಡೀ ಅದೊಂದೇ ಮಾತು. ನಾವು ನೋಡುವುದು ಮೀಟರನ್ನು, ಅವನ ಮುಖವನ್ನಲ್ಲ. ಇಂಥವರ ಸಂಬಳ ಕಡಿಮೆಯೆಂದು ಎಲ್ಲರೂ ಮರುಗುತ್ತೇವೆ. ನೂರಾರು ಜನರ ನಡುವೆ ಒಂಟಿಯಾಗುವ ಸಂಕಟ ಯಾರ ಲೆಕ್ಕಕ್ಕೂ ಬರುವುದಿಲ್ಲ.

ಈ ಒಂಟಿತನಕ್ಕೆ ಒಂದು ಮದ್ದು ಒಗ್ಗೂಡುವುದು. ದಿನವಿಡೀ ನಿಂತೇ ದುಡಿಯುತ್ತಿದ್ದ ಕೇರಳದ ಜವಳಿ ಅಂಗಡಿಗಳ ಹೆಂಗಸರು ಒಗ್ಗೂಡಿ ಹೋರಾಡಿದ್ದರಿಂದ 2018ರಲ್ಲಿ ಕೆಲಸದ ನಡುವೆ ಕೂರುವ ಹಕ್ಕು ಕಾನೂನಾಯಿತು. 2021ರಲ್ಲಿ ತಮಿಳುನಾಡೂ ಅದೇ ದಾರಿ ಹಿಡಿಯಿತು. ಒಗ್ಗೂಡಿದಾಗ ಅವರ ಒಂಟಿತನವೂ ಕರಗಿರಬೇಕು ಎಂದು ನನ್ನ ನಂಬಿಕೆ.

ಅಂಗಡಿ ಮಾಲೀಕರೇ, ಕಾನೂನು ಹೇಳಲಿ ಬಿಡಲಿ, ಒಂದು ಸ್ಟೂಲ್ ಹಾಕಿಸಿ. ಉಳಿದವರು ಇವತ್ತು ಬಂಕಿಗೆ ಹೋದಾಗ ಆ ಹುಡುಗನ ಹೆಸರು ಕೇಳಿ, ಊಟ ಆಯ್ತಾ ಅನ್ನಿ.